ಗಾಜನೂರಿನ ಅಮಾವಾಸ್ಯೆ, ಮೈಸೂರಿನ ಜೈಲು

ಸೌದೆ ಸ್ವಲ್ಪ ಒಳಕ್ಕೆ ತಳ್ಳು ಮಗಾ. ಅಣ್ಣಾವ್ರ, ಅದೇ ನಮ್ಮ ಸಿನಿಮಾ ರಾಜ್‌ಕುಮಾರ್ ಅವರ ಮಾತು ಎತ್ತಿದಿರಲ್ಲ, ಹೇಳ್ತೀನಿ ಕೇಳಿ. ಗಾಜನೂರಿನ ಮನೆ, ಬಂದೂಕು, ಕಾಡಿನಲ್ಲಿ ನೂರೆಂಟು ದಿನ, ಇದನ್ನೆಲ್ಲ ನೀವು ಬೇಕಾದಷ್ಟು ಸಲ ಕೇಳಿದ್ದೀರಿ. ಅದೇ ನೂರೆಂಟು ದಿನದಲ್ಲಿ ದಿಲ್ಲಿಯ ಸುಪ್ರೀಂ ಕೋರ್ಟಿನಲ್ಲಿ ಒಬ್ಬ ಮುದುಕ ತಂದೆ ಎರಡು ಸರ್ಕಾರಗಳ ಎದುರು ನಿಂತಿದ್ದರು. ಅವರ ಹೆಸರು ಈ ಬೆಟ್ಟದಲ್ಲಿ ಯಾರ ಬಾಯಲ್ಲೂ ಬರಲ್ಲ. ಬರಬೇಕು.

2000ದ ಜುಲೈ 30, ಭಾನುವಾರ. ಭೀಮನ ಅಮಾವಾಸ್ಯೆಯ ಹೊತ್ತು, ಕಣ್ಣಿಗೆ ಕೈ ಕಾಣದ ಕತ್ತಲು. ರಾತ್ರಿ ಕಾಡುಗಳ್ಳ ವೀರಪ್ಪನ್ ರಾಜ್‌ಕುಮಾರ್ ಅವರನ್ನು ಕರೆದುಕೊಂಡು ಹೋದ. ಹೋಗುವಾಗ ಅಣ್ಣಾವ್ರ ಹೆಂಡತಿ ಪಾರ್ವತಮ್ಮನವರ ಕೈಗೆ ಒಂದು ಕ್ಯಾಸೆಟ್ ಕೊಟ್ಟು, ಮುಖ್ಯಮಂತ್ರಿಗೆ ತಲುಪಿಸಿ ಅಂದ. ಬೆಳಗಾಗುವಷ್ಟರಲ್ಲಿ ಸುದ್ದಿ ತಾಳವಾಡಿ ದಾಟಿ ಹಾಸನೂರಿಗೆ ಬಂತು. ಬೆಂಗಳೂರಿನಲ್ಲಿ ಕಲ್ಲು ತೂರಾಟ, ಅಂಗಡಿ ಬಾಗಿಲು ಮುಚ್ಚಿತು, ಎರಡು ರಾಜ್ಯದ ನಡುವೆ ಬಸ್ಸುಗಳು ನಿಂತವು. ನಾವಾಡುವುದು ಕನ್ನಡ, ನಮ್ಮ ಪಡಿತರ ಚೀಟಿ ತಮಿಳುನಾಡಿನದು. ಅಲ್ಲಿ ತಮಿಳರನ್ನು ಹೊಡೀತಾರೆ, ಇಲ್ಲಿ ಕನ್ನಡದವರನ್ನು ಹೊಡೆದರೆ ಏನು ಗತಿ ಅಂತ ದಿಂಬದಿಂದ ಇಳಿಯೋದಕ್ಕೂ, ಚಾಮರಾಜನಗರಕ್ಕೆ ಹೋಗೋದಕ್ಕೂ ಜನ ಹಿಂದೆಮುಂದೆ ನೋಡುತ್ತಿದ್ದರು.

ಕಾಡಿನಿಂದ ಬೇಡಿಕೆಗಳ ಪಟ್ಟಿ ಬಂತು. ಕಾವೇರಿ ನೀರು ಇತ್ತು, ಬೆಂಗಳೂರಿನ ತಿರುವಳ್ಳುವರ್ ಪ್ರತಿಮೆ ಇತ್ತು. ಅದರ ಮಧ್ಯೆ ಇನ್ನೊಂದು ಇತ್ತು: ಮೈಸೂರು ಜೈಲಿನಲ್ಲಿರುವ ಟಾಡಾ ಕೈದಿಗಳನ್ನು ಬಿಡಬೇಕು.

ಟಾಡಾ ಅಂದರೆ ಏನು ಅಂತ ನಿಮಗೆ ತಿಳಿದಿರಲಾರದು. ಭಯೋತ್ಪಾದಕರಿಗೆ ಅಂತ 1987ರಲ್ಲಿ ಮಾಡಿದ ಕಾನೂನು. ಮಾಮೂಲಿ ಕೇಸಿನಲ್ಲಿ ಪೊಲೀಸರ ಮುಂದೆ ತಪ್ಪೊಪ್ಪಿಕೊಂಡರೆ ಕೋರ್ಟು ಅದನ್ನು ಸಾಕ್ಷಿ ಅಂತ ಒಪ್ಪಲ್ಲ. ಟಾಡಾದಲ್ಲಿ ಎಸ್‌ಪಿ ದರ್ಜೆಯ ಅಧಿಕಾರಿ ಬರೆದುಕೊಂಡ ತಪ್ಪೊಪ್ಪಿಗೆಯೂ ಸಾಕ್ಷಿಯೇ ಆಗಿತ್ತು. ಜಾಮೀನು ಬೇಕಾದರೆ, ಇವನು ತಪ್ಪಿತಸ್ಥನಲ್ಲ ಅನ್ನೋದಕ್ಕೆ ಆಧಾರ ಇದೆ ಅಂತ ನ್ಯಾಯಾಧೀಶರಿಗೆ ವಿಚಾರಣೆಗೂ ಮೊದಲೇ ಮನವರಿಕೆಯಾಗಬೇಕಿತ್ತು. ಹೆಬ್ಬೆಟ್ಟು ಒತ್ತುವ ನಮ್ಮ ಕಾಡಿನ ಸೋಲಿಗ ಆ ಆಧಾರವನ್ನು ಎಲ್ಲಿಂದ ತರಬೇಕಿತ್ತು? 1993ರ ಏಪ್ರಿಲ್‌ನಲ್ಲಿ ಪಾಲಾರ್ ಹತ್ತಿರ ನೆಲಬಾಂಬು ಸಿಡಿದು 22 ಜನ ಸತ್ತರು. ಆಮೇಲೆ ಬೆಟ್ಟದ ಎರಡೂ ಬದಿಯ ಹಳ್ಳಿಗಳಿಂದ ನೂರಕ್ಕೂ ಹೆಚ್ಚು ಜನರ ಮೇಲೆ ಈ ಕಾನೂನಿನಡಿ ಕೇಸು ಬಿತ್ತು. ಹೆಂಗಸರೂ ಇದ್ದರು. 1995ರಲ್ಲಿ ಕಾನೂನೇ ಮುಗಿದುಹೋಯಿತು, ಪಾರ್ಲಿಮೆಂಟು ಮುಂದುವರಿಸಲಿಲ್ಲ. ಹಳೆಯ ಕೇಸುಗಳು ಮಾತ್ರ ಹಾಗೇ ಉಳಿದವು, ಒಳಗಿದ್ದವರು ಒಳಗೇ ಇದ್ದರು.

ಅಣ್ಣಾವ್ರು ಬರಬೇಕು ಅನ್ನೋ ಆತುರದಲ್ಲಿ ಕರ್ನಾಟಕ ಸರ್ಕಾರ ಟಾಡಾ ಆರೋಪಗಳನ್ನಷ್ಟೇ ಕೈಬಿಟ್ಟು ಜಾಮೀನಿನ ದಾರಿ ಮಾಡಿಕೊಡಲು ಹೊರಟಿತು. ಸರ್ಕಾರಿ ವಕೀಲರು ಅರ್ಜಿ ಹಾಕಿದರು, ಮೈಸೂರಿನ ವಿಶೇಷ ನ್ಯಾಯಾಲಯ ಆಗಸ್ಟಿನಲ್ಲೇ ಒಪ್ಪಿತು. ಒಪ್ಪಬೇಡಿ ಅಂತ ಅಲ್ಲಿ ತಕರಾರು ಎತ್ತಿದವರು ಅಬ್ದುಲ್ ಕರೀಂ, ನಿವೃತ್ತ ಪೊಲೀಸ್ ಅಧಿಕಾರಿ. ಅವರ ಮಗ ಸಬ್ ಇನ್‌ಸ್ಪೆಕ್ಟರ್ ಶಕೀಲ್ ಅಹ್ಮದ್. 1992ರ ಆಗಸ್ಟ್ 14ರಂದು ಮೀಣ್ಯದ ಹತ್ತಿರ ಎಸ್‌ಪಿ ಹರಿಕೃಷ್ಣ ಅವರ ಜೊತೆಗೆ ವೀರಪ್ಪನ್ ಗುಂಪು ಕೊಂದುಹಾಕಿದ ಹುಡುಗ. ಮೈಸೂರಿನಲ್ಲಿ ಸೋತ ತಂದೆ ಸುಪ್ರೀಂ ಕೋರ್ಟಿಗೆ ಹೋದರು. ಇಡೀ ಕರ್ನಾಟಕ ರಾಜ್‌ಕುಮಾರ್‌ಗಾಗಿ ಹರಕೆ ಹೊತ್ತಿರುವಾಗ ಹಾಗೆ ನಿಲ್ಲೋದಕ್ಕೆ ಎಂಥ ಗುಂಡಿಗೆ ಬೇಕು, ಯೋಚಿಸಿ. ಅಣ್ಣಾವ್ರ ಬಿಡುಗಡೆಗೆ ಅಡ್ಡ ಬಂದವರು ಅಂತ ಜನ ಅನ್ನಬಹುದಿತ್ತು. ನಾವೂ ಆಗ ಸಿಡುಕಿದೆವು.

ನವೆಂಬರ್ 7ಕ್ಕೆ ತೀರ್ಪು ಬಂತು. ನ್ಯಾಯಮೂರ್ತಿಗಳಾದ ಭರೂಚಾ, ಮಹಾಪಾತ್ರ, ಸಭರ್‌ವಾಲ್ ಮೈಸೂರಿನ ಆದೇಶವನ್ನು ರದ್ದುಮಾಡಿದರು. ಕೇಸು ಹಿಂದಕ್ಕೆ ತೆಗೆಯುವ ಸರ್ಕಾರಿ ವಕೀಲರು ಸ್ವಂತ ವಿವೇಚನೆಯಿಂದ ತೀರ್ಮಾನಿಸಬೇಕು, ಅದರಿಂದ ಸಾರ್ವಜನಿಕರಿಗೆ ಒಳಿತಿದೆಯೇ ಅಂತ ಕೋರ್ಟೂ ಪರಿಶೀಲಿಸಬೇಕು. ಇಲ್ಲಿ ಅವೆರಡೂ ನಡೆದಿಲ್ಲ ಅನ್ನೋದು ಅದರ ಸಾರ. ಇನ್ನು ಅಣ್ಣಾವ್ರು ಬರಲ್ಲ ಅಂತ ಈ ಬೆಟ್ಟದ ಹೆಂಗಸರು ಕಣ್ಣೀರಿಟ್ಟರು. ಎಂಟೇ ದಿನ. ನವೆಂಬರ್ 15ಕ್ಕೆ ಅವರು ಹೊರಗೆ ಬಂದರು.

ಕೋರ್ಟು ಸರಿಯಾಗಿ ಹೇಳಿತು ಅಂತಲೇ ನಾನು ನಂಬ್ತೀನಿ. ಬಂದೂಕು ತೋರಿಸಿದವನ ಮಾತಿಗೆ ಕೇಸುಗಳು ಬಿದ್ದುಹೋದರೆ, ಬಂದೂಕಿಲ್ಲದ ನಮ್ಮಂಥವರ ದೂರು ಯಾರು ಕೇಳ್ತಾರೆ? ಆದರೆ ಅದೇ ತೀರ್ಪಿನ ದಿನ ಮೈಸೂರು ಜೈಲಿನಲ್ಲಿ ಇದ್ದವರನ್ನು ನೆನೆದರೆ ನನಗೆ ಇವತ್ತೂ ಹೊಟ್ಟೆ ಉರಿಯುತ್ತೆ. ಅವರ ವಿಚಾರಣೆ ಮೊದಲೇ ಮುಗಿದಿದ್ದರೆ ಆ ಬೇಡಿಕೆ ವೀರಪ್ಪನ್ ಬಾಯಿಗೆ ಬರುತ್ತಲೇ ಇರಲಿಲ್ಲ. ಬಡವರಿಗೆ ಕೊಡಬೇಕಾದ ನ್ಯಾಯವನ್ನು ಸರ್ಕಾರ ವರ್ಷಗಟ್ಟಲೆ ಬಾಕಿ ಇಟ್ಟಿತು, ಕೊಲೆಗಾರನೊಬ್ಬ ಅದನ್ನು ತನ್ನ ಹೆಸರಲ್ಲಿ ವಸೂಲಿ ಮಾಡಲು ಹೊರಟ. ಇದು ಸರ್ಕಾರದ ತಪ್ಪು, ಕರೀಂ ಅವರದ್ದಲ್ಲ.

ಮುಂದಿನ ವರ್ಷ, 2001ರ ಸೆಪ್ಟೆಂಬರಿನಲ್ಲಿ, ಮೈಸೂರಿನ ಅದೇ ಕೋರ್ಟು ಬಹುಪಾಲು ಜನರನ್ನು ಖುಲಾಸೆ ಮಾಡಿತು. ಅಷ್ಟು ವರ್ಷ ಒಳಗಿದ್ದವರು, ತಪ್ಪು ಸಾಬೀತಾಗಿಲ್ಲ ಅನ್ನೋ ಒಂದು ಮಾತಿನ ಮೇಲೆ ಮನೆಗೆ ಬಂದರು. ಕೆಲವರ ಹೊಲ ಬೀಳುಬಿದ್ದಿತ್ತು, ಮಕ್ಕಳು ಗುರುತೇ ಹಿಡಿಯದಷ್ಟು ಬೆಳೆದಿದ್ದರು.

ವೀರಪ್ಪನ್ ಬೇಟೆಯ ಹೆಸರಲ್ಲಿ ಪೊಲೀಸರಿಂದ ಹಿಂಸೆ ಅನುಭವಿಸಿದವರ ಅಳಲು ಕೇಳೋದಕ್ಕೆ ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗ 1999ರಲ್ಲೇ ನ್ಯಾಯಮೂರ್ತಿ ಎ.ಜೆ. ಸದಾಶಿವ ಮತ್ತು ಸಿಬಿಐ ಮಾಜಿ ನಿರ್ದೇಶಕ ಸಿ.ವಿ. ನರಸಿಂಹನ್ ಅವರ ಸಮಿತಿ ಮಾಡಿತ್ತು. ಗೋಬಿಚೆಟ್ಟಿಪಾಳ್ಯದಲ್ಲಿ, ಮಾದಪ್ಪನ ಬೆಟ್ಟದಲ್ಲಿ ಅವರು ಕುಳಿತು ಕೇಳಿದರು. ಅಧಿಕಾರಿಗಳ ಎದುರು ಕಣ್ಣೆತ್ತದ ಸೋಲಿಗ ಹೆಂಗಸರು ತಮ್ಮ ಮೈಮೇಲೆ ಆದದ್ದನ್ನು ಬಾಯಿಬಿಟ್ಟು ಹೇಳಿದರು. ಅದು ಸಣ್ಣ ಧೈರ್ಯ ಅಲ್ಲ. 2003ರಲ್ಲಿ ವರದಿ ಬಂತು. 2007ರ ಜನವರಿಯಲ್ಲಿ 89 ಜನರಿಗೆ ಒಟ್ಟು 2.80 ಕೋಟಿ ರೂಪಾಯಿ ಪರಿಹಾರ ಅಂತ ಆಯೋಗ ಹೇಳಿತು. ಪಟ್ಟಿಯಲ್ಲಿ ಹೆಸರಿಲ್ಲದವರು ಇನ್ನೂ ಕೇಳುತ್ತಲೇ ಇದ್ದಾರೆ, ಕೇಳುವ ಹಕ್ಕು ಅವರಿಗಿದೆ.

ಕರೀಂ ಅವರಿಗೆ ಏನು ಸಿಕ್ಕಿತು ಅಂತೀಯಾ ಮಗಾ? 2004ರ ಅಕ್ಟೋಬರ್ 18ರ ರಾತ್ರಿ ಧರ್ಮಪುರಿ ಜಿಲ್ಲೆಯ ಪಾಪ್ಪಾರಪಟ್ಟಿಯ ಹತ್ತಿರ ವೀರಪ್ಪನ್ ಪೊಲೀಸರ ಗುಂಡಿಗೆ ಸತ್ತ. ಶಕೀಲ್ ಅಹ್ಮದ್ ಕೊಲೆಗೆ ಅವನನ್ನು ಯಾವ ಕೋರ್ಟೂ ಕಟಕಟೆಯಲ್ಲಿ ನಿಲ್ಲಿಸಿ ಕೇಳಲಿಲ್ಲ.