ದನಗಾಹಿ ನಾಯಕನಾದ ಕಥೆಗಳು

ಮನೆಗೆಲಸವೆಲ್ಲ ಮುಗಿದು, ಮಕ್ಕಳು ಮಲಗಿದ ಬಳಿಕ ದೊರೆಯುವ ಒಂದು ಗಂಟೆಯ ಬಿಡುವಿನಲ್ಲಿ ಓದುವ ಪುಸ್ತಕಗಳನ್ನು ವಿಮರ್ಶಕರು ಸಾಮಾನ್ಯವಾಗಿ ಗಣನೆಗೆ ತೆಗೆದುಕೊಳ್ಳುವುದಿಲ್ಲ. ಆದರೆ ಓದುವವರ ಮನದ ಹಂಬಲವನ್ನು ಅರಿಯಲು ಅವು ಬಹಳ ನೆರವಾಗುತ್ತವೆ. ಕಾಲೇಜಿನ ದಿನಗಳಲ್ಲಿ ಸರ್ಕ್ಯುಲೇಟಿಂಗ್ ಲೈಬ್ರರಿಯಿಂದ ಮಿಲ್ಸ್ ಅಂಡ್ ಬೂನ್ ಕಾದಂಬರಿಗಳನ್ನು ತಂದು ಪಠ್ಯಪುಸ್ತಕದ ಮರೆಯಲ್ಲಿ ಓದುತ್ತಿದ್ದ ನಾವು ಕೆಲವು ಗೆಳತಿಯರು, ಈಗ ಅಮೆರಿಕ, ಕೆನಡಾ ದೇಶಗಳ ಕೌಬಾಯ್ ಪ್ರೇಮಕಾದಂಬರಿಗಳನ್ನು ಓದಿ ಪರಸ್ಪರ ಚರ್ಚಿಸುತ್ತೇವೆ. ಅಷ್ಟು ದೂರದ ದನಗಾಹಿಯೊಬ್ಬನು ನಮ್ಮನ್ನು ಸೆಳೆಯುವುದೇಕೆ?

ಕೌಬಾಯ್ ಮೂಲತಃ ಕೂಲಿಯಾಳು. 1865ರಲ್ಲಿ ಅಮೆರಿಕದ ಅಂತರ್ಯುದ್ಧ ಮುಗಿದ ಮೇಲೆ, ಟೆಕ್ಸಾಸಿನ ದನಗಳ ಹಿಂಡುಗಳನ್ನು ಕಾನ್ಸಾಸಿನ ರೈಲು ನಿಲ್ದಾಣಗಳವರೆಗೆ ವಾರಗಟ್ಟಲೆ ಹೊಡೆದುಕೊಂಡು ಹೋಗುವುದು ಅವನ ಕಾಯಕವಾಗಿತ್ತು. ಹಗ್ಗ ಬೀಸಿ ದನ ಹಿಡಿಯುವ ವಿದ್ಯೆ ಮೆಕ್ಸಿಕೋದ ದನಗಾಹಿಗಳಿಂದ ಬಂದದ್ದು. 1874ರಲ್ಲಿ ಜೋಸೆಫ್ ಗ್ಲಿಡನ್ ಮುಳ್ಳುತಂತಿಗೆ ಪೇಟೆಂಟ್ ಪಡೆದ ಬಳಿಕ ಬಯಲುಗಳಿಗೆ ಬೇಲಿ ಬಿದ್ದಿತು; 1886-87ರ ಘೋರ ಚಳಿಗಾಲದಲ್ಲಿ ಹಿಂಡುಗಳೇ ನಾಶವಾದವು. ಆ ಬದುಕು ಅಳಿಯುತ್ತಿದ್ದಂತೆ ಅದರ ಕಥೆ ಬೆಳೆಯಿತು. 1902ರಲ್ಲಿ ಪ್ರಕಟವಾದ ಓವನ್ ವಿಸ್ಟರ್ ಅವರ ‘ದಿ ವರ್ಜೀನಿಯನ್’ ಕಾದಂಬರಿಯಲ್ಲಿ ವಯೋಮಿಂಗ್ ಪ್ರಾಂತದ ಕೌಬಾಯ್ ಶಾಲಾ ಶಿಕ್ಷಕಿಯೊಬ್ಬಳನ್ನು ವರಿಸುತ್ತಾನೆ.

ಇಂದಿನ ಕಾದಂಬರಿಗಳಲ್ಲಿ ಬಂದೂಕು ಹಿಂದೆ ಸರಿದು, ಮನೆತನ ಮುಂದೆ ಬಂದಿದೆ. ಎಲ್ಸಿ ಸಿಲ್ವರ್ ಅವರ ಚೆಸ್ಟ್‌ನಟ್ ಸ್ಪ್ರಿಂಗ್ಸ್ ಮಾಲೆ 2022ರಲ್ಲಿ ಆರಂಭವಾಯಿತು; ಅದರ ಊರು ಕೆನಡಾದ್ದು. 2023ರಲ್ಲಿ ಬಂದ ಲೈಲಾ ಸೇಜ್ ಅವರ ‘ಡನ್ ಅಂಡ್ ಡಸ್ಟೆಡ್’ ಕಾದಂಬರಿಯ ನಾಯಕಿ ಸ್ವತಃ ನುರಿತ ಸವಾರಳು. ಅಪಘಾತದ ನಂತರ ಮತ್ತೆ ಕುದುರೆ ಏರಲಾರದೆ ಅವಳು ತವರಿಗೆ ಮರಳುತ್ತಾಳೆ. ಇಂತಹ ಅನೇಕ ಪುಸ್ತಕಗಳಲ್ಲಿ ಶೃಂಗಾರವು ಎಲ್ಲೆ ಮೀರುವ ಪುಟಗಳಿವೆ. ಆದ್ದರಿಂದ ಅವು ಎಳೆಯರ ಕೈಗೆ ಕೊಡತಕ್ಕವಲ್ಲ ಎಂಬುದನ್ನು ಮೊದಲೇ ಹೇಳಬೇಕು.

ಆದರೂ ನಮ್ಮನ್ನು ಹಿಡಿದು ನಿಲ್ಲಿಸುವುದು ಆ ಪುಟಗಳಾಗಲಿ, ನಾಯಕನ ಅಗಲವಾದ ಟೊಪ್ಪಿಗೆಯಾಗಲಿ ಅಲ್ಲ, ಅವನ ತಾಳ್ಮೆ. ಹಿಮ ಸುರಿಯುವ ರಾತ್ರಿ ಈಯುತ್ತಿರುವ ಹಸುವಿನ ಬಳಿ ಅವನು ಎಚ್ಚರವಿರುತ್ತಾನೆ. ಬೆದರಿದ ಕುದುರೆಯತ್ತ ಧಾವಿಸದೆ, ಅದೇ ಹತ್ತಿರ ಬರಲೆಂದು ಕಾಯುತ್ತಾನೆ. ಅಂಥವನು ಹೆಣ್ಣಿನ ಮನಸ್ಸನ್ನೂ ಅವಸರಪಡಿಸಲಾರ ಎಂಬ ಭರವಸೆ, ಅವನು ಪ್ರೀತಿಯ ಮಾತನಾಡುವ ಮೊದಲೇ ನಮಗೆ ದೊರೆಯುತ್ತದೆ. ಮೇಲಾಗಿ, ಪ್ರೇಮಕಾದಂಬರಿ ಸುಖಾಂತವಾಗಲೇಬೇಕೆಂಬುದು ಆ ಪ್ರಕಾರದ ಕಟ್ಟಳೆ. ದಿನವಿಡೀ ದುಡಿದು ದಣಿದವರಿಗೆ ಅಷ್ಟು ಖಚಿತವಾದ ಸಮಾಧಾನ ಬೇರೆಲ್ಲಿ ದೊರೆತೀತು?

ಈ ಓದು ನಮ್ಮ ಮನೆಯಂಗಳಕ್ಕೂ ಒಂದು ಪ್ರಶ್ನೆಯನ್ನು ತಂದಿಡುತ್ತದೆ. 2023ರ ಫೆಬ್ರುವರಿಯಲ್ಲಿ ಮಂಡ್ಯ ಜಿಲ್ಲೆಯ ಅವಿವಾಹಿತ ಯುವಕರು, ಅವರಲ್ಲಿ ಅನೇಕರು ರೈತರು, ವಧು ದೊರೆಯಲೆಂದು ಹರಕೆ ಹೊತ್ತು ಮಲೆ ಮಹದೇಶ್ವರ ಬೆಟ್ಟಕ್ಕೆ ಪಾದಯಾತ್ರೆ ಹೋದರು. ಕಥೆಯಲ್ಲಿ ದನ ಕಾಯುವವನನ್ನು ಮೆಚ್ಚುವ ಓದುಗರ ನಡುವೆಯೇ, ನಿಜವಾದ ಒಕ್ಕಲುಮಗನಿಗೆ ಹೆಣ್ಣು ಸಿಗುತ್ತಿಲ್ಲ. ಇದಕ್ಕೆ ಹೆಣ್ಣುಮಕ್ಕಳನ್ನು ದೂರುವುದು ಸುಲಭ. ಆದರೆ ಅವರ ಹಿಂಜರಿಕೆಗೆ ಕಾರಣಗಳಿವೆ. ಮಳೆ ಕೈಕೊಟ್ಟರೆ ಸಾಲ ಬೆಳೆಯುತ್ತದೆ. ಬೆಳಗಾಗುವ ಮುನ್ನವೇ ಸಗಣಿ ಬಾಚಿ, ಹಾಲು ಕರೆದು, ರೊಟ್ಟಿ ಬಡಿದು, ಬುತ್ತಿ ಹೊತ್ತು ಹೊಲಕ್ಕೆ ಹೋಗುವ ಸೊಸೆಯ ದುಡಿಮೆಯನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ.

ಈ ಕಾದಂಬರಿಗಳ ನಾಯಕಿಗೆ ದುಡಿಮೆ ಇಲ್ಲದಿಲ್ಲ. ಆದರೆ ಅವಳ ದುಡಿಮೆಯನ್ನು ಗಮನಿಸುವವನಿದ್ದಾನೆ. ಅವಳ ವೃತ್ತಿಯನ್ನು ಬಿಡೆನ್ನುವುದಿಲ್ಲ. ಅಗತ್ಯ ಬಿದ್ದಾಗ ಒಲೆಯ ಮುಂದೆ ನಿಲ್ಲಲು ನಾಚುವುದಿಲ್ಲ. ಮುಖ್ಯವಾಗಿ, ‘ನಿನಗೇನು ಬೇಕು?’ ಎಂದು ಕೇಳುತ್ತಾನೆ. ಸಾವಿರಾರು ಎಕರೆ ಭೂಮಿ ಕಾದಂಬರಿಕಾರರ ಕಲ್ಪನೆಯಿರಬಹುದು. ಆದರೆ ಆ ಪ್ರಶ್ನೆಯನ್ನು ಕೇಳಲು ಎರಡೆಕರೆಯವನಿಗೂ ಖರ್ಚಿಲ್ಲ. ಗಂಡುಮಕ್ಕಳಿಗೆ ವಧು ಹುಡುಕುತ್ತಿರುವ ಹಿರಿಯರು ಹೊಲ, ಮನೆ, ಕೊಳವೆಬಾವಿಗಳ ವಿವರದೊಡನೆ ಇದನ್ನೂ ಮಗನಿಗೆ ಕಲಿಸಿದರೆ, ಬರುವ ಸೊಸೆ ಆ ಮನೆಯನ್ನು ತನ್ನದೆಂದು ತಿಳಿದಾಳು.