ಹೊಲದಲ್ಲಿ ಹುಟ್ಟಿದ ಬೆಟ್ಟ

ಬೆಟ್ಟಗಳ ವಯಸ್ಸನ್ನು ಲಕ್ಷಗಟ್ಟಲೆ ವರ್ಷಗಳಲ್ಲಿ ಎಣಿಸುವುದು ವಾಡಿಕೆ. ಮೆಕ್ಸಿಕೊ ದೇಶದ ಪರಿಕುಟಿನ್ ಬೆಟ್ಟಕ್ಕಾದರೋ ಜನ್ಮದಿನವೇ ಉಂಟು: 1943ರ ಫೆಬ್ರವರಿ 20. ಅಂದು ದಿಯೊನಿಸಿಯೊ ಪುಲಿದೊ ಎಂಬ ರೈತನು ಹೊಲವನ್ನು ಹದಗೊಳಿಸುತ್ತಿದ್ದಾಗ ನೆಲ ಬಿರಿದು, ಗಂಧಕದ ನಾತದೊಡನೆ ಹೊಗೆ ಮೇಲೆದ್ದಿತು. ಮರುದಿನ ಅಲ್ಲೊಂದು ಗುಡ್ಡ! ವರ್ಷ ತುಂಬುವಷ್ಟರಲ್ಲಿ ಅದು 300 ಮೀಟರು ದಾಟಿತ್ತು.

ಶಿಲಾರಸದಲ್ಲಿ ನೀರಾವಿಯೂ ಇತರ ಅನಿಲಗಳೂ ಕರಗಿರುತ್ತವೆ. ರಸವು ಮೇಲೇರಿದಂತೆ ಒತ್ತಡ ತಗ್ಗಿ, ಅವು ಗುಳ್ಳೆಗಟ್ಟಿ ಹಿಗ್ಗಿ, ರಸವನ್ನು ಚೂರುಚೂರಾಗಿ ಮೇಲಕ್ಕೆ ಚಿಮ್ಮಿಸುತ್ತವೆ. ಗಾಳಿಯಲ್ಲೇ ಆರಿದ ಚೂರುಗಳು ಕಿಟ್ಟವಾಗಿ ಬಾಯಿಯ ಸುತ್ತ ಬೀಳುತ್ತವೆ. ಕಣದಲ್ಲಿ ಸುರಿದ ರಾಗಿಯ ರಾಶಿಯಂತೆಯೇ ಇದೂ. ಇಳಿಜಾರು ಸುಮಾರು 30 ಡಿಗ್ರಿಗಿಂತ ಬಹಳ ಕಡಿದಾದರೆ ಜಾರಿಬಿಡುತ್ತದೆ. ಶಂಕುವಿನ ಆ ಚೆಲುವಾದ ಆಕಾರಕ್ಕೆ ಕಾರಣ ಇಷ್ಟೇ.

ಅನಿಲ ಕಳೆದುಕೊಂಡ ಭಾರವಾದ ರಸವಾದರೋ ಬುಡವನ್ನು ಸೀಳಿ ಹೊರಬಂದು ಮೆಲ್ಲಮೆಲ್ಲನೆ ಹರಿಯಿತು. ಓಡಿ ಪಾರಾಗಲು ಜನರಿಗೆ ಸಮಯವಿತ್ತು, ಊರಿಗಿರಲಿಲ್ಲ. ಪರಿಕುಟಿನ್ ಗ್ರಾಮ ಹುಗಿದುಹೋಯಿತು. 1944ರಲ್ಲಿ ಸಾನ್ ಹುವಾನ್ ಪರಂಗರಿಕುಟಿರೊ ಪಟ್ಟಣದವರು ತಮ್ಮ ಕ್ರಿಸ್ತನ ಮೂರ್ತಿಯನ್ನು ಹೊತ್ತು ಹೊಸ ನೆಲೆಗೆ ನಡೆದರು. ರಸಕ್ಕೆ ಯಾರೂ ಬಲಿಯಾಗಲಿಲ್ಲ. ಬೂದಿಮೋಡದ ಸಿಡಿಲು ಮಾತ್ರ ಮೂವರನ್ನು ಕೊಂದಿತು.

1952ರಲ್ಲಿ ಬೆಟ್ಟ ತಣ್ಣಗಾಯಿತು. ಆಗ ಅದರ ಎತ್ತರ 424 ಮೀಟರು. ಇಂಥ ಶಂಕುಗಳು ಸಾಮಾನ್ಯವಾಗಿ ಒಮ್ಮೆ ಆರಿದರೆ ಮತ್ತೆ ಉರಿಯುವುದಿಲ್ಲ. ಕರಿಗಲ್ಲಿನ ಕಡಲಿನ ನಡುವೆ ಪಟ್ಟಣದ ಇಗರ್ಜಿಯ ಗೋಪುರವೊಂದು ಇಂದಿಗೂ ತಲೆಯೆತ್ತಿ ನಿಂತಿದೆ.