ಉತ್ತರಕ್ಕೆ ಹೊರಟವನು

ತುಂಬಾ ದಿನದಿಂದ ಇಲ್ಲಿ ಏನೂ ಬರೆದಿರಲಿಲ್ಲ. ಕೇಳಿದವರಿಗೆಲ್ಲ "ಕೆಲಸ ಜಾಸ್ತಿ" ಅಂದೆ. ಸುಳ್ಳು. ಕೆಲಸ ಬಿಟ್ಟು ಮೂರು ತಿಂಗಳಾಯ್ತು. ಬೆಳಿಗ್ಗೆ ಏಳೋಕೇ ಆಗ್ತಿರಲಿಲ್ಲ, ಅಷ್ಟೇ. ಏನಾಗಿದೆ ಅಂದ್ರೆ ತೋರಿಸೋಕೆ ಜ್ವರವೂ ಇಲ್ಲ, ಗಾಯವೂ ಇಲ್ಲ.

ಆ ದಿನಗಳಲ್ಲಿ ನೋಡಿದ್ದು 'ನೋರ್ಡ್' ಅನ್ನೋ ನಾರ್ವೆಯ ಸಿನಿಮಾ. 2009ರದ್ದು. ನೋರ್ಡ್ ಅಂದ್ರೆ ಉತ್ತರ ದಿಕ್ಕು. ನಿರ್ದೇಶಕ ರೂನೆ ಡೆನ್‌ಸ್ಟಾಡ್ ಲಾಂಗ್ಲೂ, ಚಿತ್ರಕಥೆ ಎರ್ಲೆಂಡ್ ಲೂ. ಆ ವರ್ಷ ಬರ್ಲಿನ್ ಉತ್ಸವದಲ್ಲಿ ವಿಮರ್ಶಕರ ಪ್ರಶಸ್ತಿ ಬಂದಿತ್ತು.

ನಾರ್ವೆಯವರು ಕಾಲಿಗೆ ಸ್ಕೀ ಕಟ್ಟಿಕೊಂಡೇ ಹುಟ್ತಾರೆ ಅಂತ ಅಲ್ಲೊಂದು ಮಾತಿದೆ. ಸ್ಕೀ ಅನ್ನೋ ಪದವೇ ಅವರದ್ದು. ಸ್ಲಾಲಮ್ ಕೂಡ. 1206ರ ಅಂತರ್ಯುದ್ಧದಲ್ಲಿ ಬಿರ್ಕೆಬೈನರ್ ಪಕ್ಷದ ಇಬ್ಬರು ಯೋಧರು ಎಳೆಯ ರಾಜಕುಮಾರನನ್ನ ಎತ್ತಿಕೊಂಡು, ಹಿಮದ ಬೆಟ್ಟ ದಾಟಿ ಉಳಿಸಿದರಂತೆ. ಅದೇ ಮಗು ಮುಂದೆ ರಾಜ ಹೋಕನ್ ಆಯ್ತು. ಅದರ ನೆನಪಿಗೆ 1932ರಿಂದ ಒಂದು ಸ್ಪರ್ಧೆ ನಡೆಯುತ್ತೆ: ರೇನಾದಿಂದ ಲಿಲ್ಲೆಹಾಮರ್‌ಗೆ 54 ಕಿ.ಮೀ. ಪ್ರತಿಯೊಬ್ಬರ ಬೆನ್ನಿಗೂ ಮೂರೂವರೆ ಕಿಲೋ ಚೀಲ. ಮಗುವಿನ ಲೆಕ್ಕಕ್ಕೆ!

ಇಂಥಾ ದೇಶದಲ್ಲಿ ಒಬ್ಬ ಸ್ಕೀ ಆಟಗಾರ ನಿಂತುಬಿಟ್ರೆ? ಲೂ ಬರೆದ ಯೋಮರ್ ಅಂಥವನು. ಮನಸ್ಸು ಕುಸಿದು, ಸ್ಪರ್ಧೆ ಬಿಟ್ಟು, ಸ್ಕೀ ಲಿಫ್ಟ್ ಕಾಯ್ತಾ ಕೂತಿದಾನೆ. ಬೇರೆಯವರನ್ನ ಮೇಲಕ್ಕೆ ಕಳಿಸೋದು, ತಾನು ಮಲಗೋದು. ಉತ್ತರದಲ್ಲೆಲ್ಲೋ ತನಗೊಬ್ಬ ಮಗ ಇದಾನೆ ಅಂತ ತಿಳಿದ ಮೇಲೆ ಹೊರಡ್ತಾನೆ. ಹೇಗೆ? ಸ್ನೋಮೊಬೈಲ್ ಮೇಲೆ, ಐದು ಲೀಟರ್ ಮದ್ಯ ಇಟ್ಕೊಂಡು :) ಅವರು ಮಗುವನ್ನ ಹೊತ್ತು ಹೋದ್ರು, ಇವನು ಮಗುವನ್ನ ಹುಡುಕಿಕೊಂಡು ಹೋಗ್ತಾನೆ. ದಾರಿಯಲ್ಲಿ ಬಿಳಿ ಹಿಮಕ್ಕೆ ಕಣ್ಣು ಕಾಣದ ಹಾಗಾದಾಗ ಒಂದು ಹುಡುಗಿ, ಅವಳ ಅಜ್ಜಿ ಒಳಗೆ ಕರೀತಾರೆ. ಹೆಪ್ಪುಗಟ್ಟಿದ ಸರೋವರದ ಮೇಲೆ ಸಾಮಿ ಜನಾಂಗದ ಮುದುಕನೊಬ್ಬ ಸರಪಳಿಯಿಂದ ತನ್ನನ್ನ ಸ್ನೋಮೊಬೈಲ್‌ಗೆ ಕಟ್ಟಿಕೊಂಡು ಕೂತಿದಾನೆ, ಮಂಜು ಕರಗಲಿ ಅಂತ! ಕೊನೆ ಏನಾಗುತ್ತೆ ಅಂತ ಹೇಳಲ್ಲ, ನೋಡಿ.

ಲೂ ಯಾವಾಗಲೂ ನಿಂತುಹೋದವರ ಬಗ್ಗೆಯೇ ಬರೀತಾನೆ. 1996ರ 'ನಾಯಿವ್. ಸೂಪರ್.' ಕಾದಂಬರಿಯ ಹುಡುಗ ಓದು ಬಿಟ್ಟು ಚೆಂಡು ಹೊಡೀತಾ ಕೂರ್ತಾನೆ. 2004ರ 'ಡೊಪ್ಲರ್' ಮನೆ ಬಿಟ್ಟು ಕಾಡು ಸೇರ್ತಾನೆ. ಯಾರನ್ನೂ ಲೂ ಬೈಯಲ್ಲ, ಉಪದೇಶ ಮಾಡಲ್ಲ. ತಮಾಷೆ ಮಾಡ್ತಾನೆ, ಆದ್ರೆ ನೋಯಿಸಲ್ಲ. ಯೋಮರ್ ವಾಸಿಯಾದ ಮೇಲೆ ಹೊರಡಲ್ಲ, ಹೆದರಿಕೆ ಇಟ್ಕೊಂಡೇ ಹೊರಡ್ತಾನೆ. ನಂಗೆ ಬೇಕಾಗಿದ್ದಿದ್ದು ಇಷ್ಟೇ ಇರಬೇಕು.

ನಿನ್ನೆ ಅಮ್ಮನಿಗೆ ಫೋನ್ ಮಾಡಿ ಎಲ್ಲಾ ಹೇಳಿದೆ. ಸ್ವಲ್ಪ ಹೊತ್ತು ಮಾತೇ ಇಲ್ಲ. ಆಮೇಲೆ "ಊರಿಗೆ ಬಾ" ಅಂದ್ಲು. ರಾತ್ರಿ ಬಸ್ಸಿಗೆ ಟಿಕೆಟ್ ಆಗಿದೆ. ನಮ್ಮೂರೂ ಉತ್ತರದಲ್ಲೇ, ಶಿರಸಿ ಹತ್ರ. ಆದ್ರೆ ಹಿಮ ಇಲ್ಲ, ಮಳೆ ಮಾತ್ರ...